ಮೂಗಿಗೆ ನೆನಪಿತ್ತು

ಟೈಲರ್ ಬೀರುವಿನ ಬೀಗದ ಕೈಯನ್ನು ಎಷ್ಟು ಭದ್ರವಾಗಿಟ್ಟಿದ್ದನೆಂದರೆ, ಅದು ಅವನಿಗೇ ಸಿಗುತ್ತಿರಲಿಲ್ಲ. ತವರಿಗೆ ಹೋದ ಹೆಂಡತಿ ಸಂಜೆ ಬರುತ್ತಾಳೆ. ನಾಳೆ ಅವಳ ಗೆಳತಿಯ ಮಗಳ ಮದುವೆ. ಉಡಬೇಕಾದ ಸೀರೆ ಬೀರುವಿನೊಳಗಿದೆ. "ಈ ಸಲವೂ ಎಲ್ಲಿಟ್ಟೆ ಅಂತ ಮರೆತರೆ ನಿಮ್ಮ ಹತ್ರ ಮಾತೇ ಆಡಲ್ಲ" ಎಂದು ಹೇಳಿಯೇ ಹೋಗಿದ್ದಳು. ಪಾಪ, ಅವಳ ಮಾತು ಕಿವಿಗೆ ಬೀಳದಿದ್ದರೆ ಟೈಲರಿಗೆ ಹೊಲಿಗೆಯೂ ಸಾಗುತ್ತಿರಲಿಲ್ಲ.

ಎದುರುಮನೆ ಕಾಂಪೌಂಡರ್ ಗಂಭೀರವಾಗಿ ತಲೆಯಾಡಿಸಿದ. "ತಲೆ ಮರೆತರೂ ಮೂಗು ಮರೆಯಲ್ಲ ಕಣಯ್ಯ. ಬೀಗದ ಕೈ ಇಡುವಾಗ ಏನು ವಾಸನೆ ಬರ್ತಿತ್ತೋ ಅದನ್ನ ಮೂಸು, ನೆನಪಾಗುತ್ತೆ."

"ಯಾವ ವಾಸನೆ ಅನ್ನೋದೇ ಮರೆತಿದೆಯಲ್ಲ."

"ಅದಕ್ಕೇನು, ಎಲ್ಲಾನೂ ಮೂಸೋಣ."

ಮಹಡಿಮನೆ ಅಜ್ಜಿ ಫಿನಾಯಿಲು ತಂದಳು. ಮೂಸಿದ ಕೂಡಲೇ ಹೆಡ್‌ಮಾಸ್ಟರರ ಬೆತ್ತ ನೆನಪಾಗಿ ಟೈಲರನ ಕೈ ತಾನಾಗಿ ಬೆನ್ನ ಹಿಂದೆ ಹೋಯಿತು. ಸೀಮೆಎಣ್ಣೆ ಮೂಸಿದರೆ, ಲಾಟೀನಿನ ಮುಂದೆ ಅಂಗಿಗೆ ಗುಂಡಿ ಹೊಲಿಯುತ್ತಿದ್ದ ಅಮ್ಮ ಕಣ್ಣೆದುರು ಬಂದು ಕೂತಳು. ಕಣ್ಣೊರೆಸಿಕೊಂಡು ಹೊಸ ಬಟ್ಟೆ ಮೂಸಿದ. ತಾನು ಹೊಲಿದ ಮೊದಲ ಪ್ಯಾಂಟು ನೆನಪಾಯಿತು.

"ಒಂದು ಕಾಲು ಗಿಡ್ಡ ಆಗಿತ್ತು."

"ಗಿರಾಕಿ ಬಯ್ಯಲಿಲ್ವಾ?" ಎಂದಳು ಅಜ್ಜಿ.

"ಇನ್ನೊಂದನ್ನೂ ಕತ್ತರಿಸಿ ಚಡ್ಡಿ ಮಾಡಿಕೊಟ್ಟೆ."

ಅಜ್ಜಿ ನಕ್ಕು ನಕ್ಕು ಹೊಲಿಗೆ ಮೆಷಿನ್ನಿನ ಮೇಲೇ ಒರಗಿದಳು. ಬೀಗದ ಕೈ ಮಾತ್ರ ನೆನಪಿಗೆ ಬರಲಿಲ್ಲ.

ಕೊನೆಗೆ ಕಾಂಪೌಂಡರ್ ಜೇಬಿನಿಂದ ಶೀತದ ಮುಲಾಮು ತೆಗೆದ. ಟೈಲರ್ ಮೂಸಿದವನೇ ಎದ್ದು ನಿಂತ. "ಅವಳು ಹೊರಟ ದಿನ ನನಗೆ ನೆಗಡಿ. ಮುಲಾಮು ಹಚ್ಚಿ ಮಫ್ಲರ್ ಸುತ್ತಿಕೊಂಡಿದ್ದೆ."

ಮೊಳೆಯಲ್ಲಿ ನೇತಾಡುತ್ತಿದ್ದ ಮಫ್ಲರಿನ ಗಂಟು ಬಿಚ್ಚಿದರೆ, ಬೀಗದ ಕೈ ಟಣ್ಣನೆ ನೆಲಕ್ಕೆ ಬಿತ್ತು. ಖುಷಿಯ ಭರದಲ್ಲಿ ಟೈಲರ್ ಹಣೆಗೂ ಕುತ್ತಿಗೆಗೂ ಧಾರಾಳವಾಗಿ ಮುಲಾಮು ಬಳಿದುಕೊಂಡ.

ಅಷ್ಟರಲ್ಲಿ ಹೆಂಡತಿ ಬಂದಳು. ಟೈಲರ್ ಎದೆಯುಬ್ಬಿಸಿ ಬೀಗದ ಕೈ ಮುಂದೆ ಹಿಡಿದ. "ತಗೋ. ಮರೆತಿಲ್ಲ."

ಅವಳು ನಗುತ್ತಾ ಹತ್ತಿರ ಬಂದಳು. ಮೂಗು ಅರಳಿತು. ನಗು ಅಲ್ಲಿಗೇ ನಿಂತಿತು.

"ಈ ಮುಲಾಮು... ನಮ್ಮ ಮದುವೆಯಾದ ಹೊಸತು. ನನಗೆ ನೆಗಡಿ ಅಂತ ಇದನ್ನೇ ಹಚ್ಚಿ, ಬಸ್‌ಸ್ಟ್ಯಾಂಡ್ ಬೆಂಚಿನ ಮೇಲೆ ಕೂರಿಸಿ, ಟೀ ತರ್ತೀನಿ ಅಂತ ಹೋದಿರಿ."

"ತಂದೆನಲ್ಲ?"

"ಎಲ್ಲಿ ತಂದಿರಿ? ನನ್ನನ್ನೇ ಮರೆತು ಬಸ್ಸು ಹತ್ತಿ ಮನೆಗೆ ಹೋದಿರಿ. ಇಷ್ಟು ವರ್ಷ ನನಗೆ ಅದು ಮರೆತೇ ಹೋಗಿತ್ತು ನೋಡಿ."

ಕಾಂಪೌಂಡರ್ ಡಬ್ಬಿಯ ಮುಚ್ಚಳ ಹಾಕಿ ಮೆಲ್ಲಗೆ ಜಾರಿಕೊಂಡ. ಅಜ್ಜಿ ಮಾತ್ರ ಸ್ಟೂಲು ಎಳೆದುಕೊಂಡು ಕೂತಳು. "ಆಮೇಲೆ?"

ಆಮೇಲೆ ಮಾತೇ ಇಲ್ಲ. ಹೆಂಡತಿ ಕೋಣೆಗೆ ಹೋಗಿ ಒಳಗಿನಿಂದ ಚಿಲಕ ಹಾಕಿಕೊಂಡಳು. ಟೈಲರ್ ಬೀಗದ ಕೈ ಹಿಡಿದುಕೊಂಡು ಬಾಗಿಲ ಮುಂದೆ ನಿಂತಿದ್ದ.