ಸೊಸೆಗೆ ವಿಷ ಹಾಕಿ ರಕ್ತ ಕೂಡಿಸಿದ್ದು

ಟೀವಿಯಲ್ಲಿ ಕೆಟ್ಟವಳಾದವಳಿಗೆ ಗಾಂಧಿ ಬಜಾರಿನಲ್ಲಿ ಒಳ್ಳೆಯವಳಾಗಿ ಓಡಾಡೋ ಭಾಗ್ಯ ಇಲ್ಲ. ಹಾಗಾಗಿ ನಾನು ಚಪ್ಪಲಿ ಮೆಟ್ಟಿ ಗೇಟು ದಾಟಿದರೆ ಸಾಕು, ಒಂದಲ್ಲ ಒಂದು ಪ್ರಸಂಗ ನಡೆದೇ ತೀರುತ್ತದೆ. ಹನ್ನೊಂದು ವರ್ಷದಿಂದ ಮಧ್ಯಾಹ್ನ ಒಂದೂವರೆಯ ಧಾರಾವಾಹಿಯಲ್ಲಿ ನಾನು ಅತ್ತೆ. ಅಂತಿಂಥ ಅತ್ತೆಯಲ್ಲ. ಸೊಸೆಯ ಮೇಲೆ ಒಡವೆ ಕದ್ದ ಆರೋಪ ಹೊರಿಸಿ, ಮೆಟ್ಟಿಲಿಂದ ತಳ್ಳಿ, ಎರಡು ಸಲ ಮನೆಯಿಂದ ಆಚೆ ಹಾಕಿದವಳು. ಈ ಕೆಲಸ ಚೆನ್ನಾಗಿ ಮಾಡ್ತೀನಿ ಅಂತ ನನಗೆ ಜಂಬ ಇದೆ. ಇದ್ದರೆ ತಪ್ಪೇನು?

೧. ಗಿಡ್ಡ ಮೊಳ

ಗಾಂಧಿ ಬಜಾರಿನಲ್ಲಿ ಹೂ ಮಾರುವ ಅಜ್ಜಿಯೊಬ್ಬಳಿದ್ದಾಳೆ. ಒಂದು ಶುಕ್ರವಾರ ಬೆಳಿಗ್ಗೆ ಹೋಗಿ ಎರಡು ಮೊಳ ಮಲ್ಲಿಗೆ ಕೇಳಿದೆ. ತಲೆಯೆತ್ತಿ ನನ್ನ ಮುಖ ನೋಡಿದಳು. ಮೊಣಕೈಯಿಂದ ಬೆರಳ ತುದಿವರೆಗೆ ಅಳೆಯಬೇಕಾದ ಹೂವನ್ನು ಮಣಿಕಟ್ಟಿಗೇ ನಿಲ್ಲಿಸಿ ಕತ್ತರಿಸಿದಳು.

"ಇದ್ಯಾವ ಸೀಮೆ ಮೊಳ ಅಜ್ಜಿ?" ಅಂದೆ.

"ಮೊದ್ಲು ಆ ಸೊಸೆ ಮಗೀಗೆ ಹೊಟ್ಟೆ ತುಂಬ ಊಟ ಹಾಕು. ಆಮೇಲೆ ಪೂರ್ತಿ ಮೊಳ ಕೇಳು," ಅಂದಳು.

ಬೇಜಾರಾಯಿತು ಅಂದ್ಕೋಬೇಡಿ. ದಾರಿಯುದ್ದಕ್ಕೂ ಹಿಗ್ಗಿಕೊಂಡೇ ಮನೆಗೆ ಬಂದೆ. ಮುಂದಿನ ವಾರ ನನ್ನ ಸೊಸೆ ಪಾತ್ರ ಮಾಡುವ ಹುಡುಗಿಯೂ ಜೊತೆಗಿದ್ದಳು. ಅಜ್ಜಿ ಎದ್ದು ನಿಂತು ಅವಳ ಕೆನ್ನೆ ಸವರಿ, "ಎಷ್ಟು ಸೊರಗಿ ಹೋಗಿದೀಯಲ್ಲ ಕಂದಾ, ಉಪವಾಸ ಕೆಡವಿದ್ದಾಳಾ ಈ ಮಾರಿ?" ಅಂತ ಕಣ್ಣೀರು ಹಾಕಿ, ಬುಟ್ಟಿಯಲ್ಲಿದ್ದ ಮಲ್ಲಿಗೆಯಲ್ಲಿ ಅರ್ಧ ಅವಳ ಮಡಿಲಿಗೆ ಸುರಿದಳು.

ಹುಡುಗಿ ನನ್ನ ಕಿವಿಯಲ್ಲಿ ಪಿಸುಗುಟ್ಟಿದಳು: "ಮೇಡಂ, ಡಯೆಟ್ಟು ಅಂತ ಹೇಳ್ಬಿಡ್ಲಾ?"

೨. ಸೂಜಿಗೆ ಹೆದರದವಳು

ನನ್ನ ಬ್ಲೌಸುಗಳನ್ನೆಲ್ಲ ಹೊಲಿಯುವವಳು ಬಿನ್ನಿಪೇಟೆಯ ಒಬ್ಬ ಹೆಣ್ಣುಮಗಳು. ಒಮ್ಮೆ ಹೇಳಿದ ದಿನಕ್ಕೆ ಬ್ಲೌಸ್ ಬರಲಿಲ್ಲ. ಶೂಟಿಂಗ್ ಇತ್ತು, ಸಿಟ್ಟು ನೆತ್ತಿಗೇರಿತ್ತು. ಫೋನ್ ಮಾಡಿದರೆ, "ಆಸ್ಪತ್ರೇಲಿದೀನಿ ಮೇಡಂ, ಮಗಳಿಗೆ ರಕ್ತ ಹಾಕಿಸ್ತಿದೀನಿ," ಅಂದಳು.

ಒಂಬತ್ತು ವರ್ಷದ ಮಗಳು. ಥಲಸ್ಸೇಮಿಯಾ. ಮೈಯಲ್ಲಿ ರಕ್ತ ಸರಿಯಾಗಿ ಊರುವುದೇ ಇಲ್ಲ. ಮೂರು ವಾರಕ್ಕೊಮ್ಮೆ ಬೇರೆಯವರ ರಕ್ತ ಹಾಕಿಸಲೇಬೇಕು. ಹನ್ನೊಂದು ವರ್ಷದಲ್ಲಿ ಎಷ್ಟು ಸಲ ಕಣ್ಣಿಗೆ ಗ್ಲಿಸರಿನ್ ಹಾಕಿಕೊಂಡು ಅತ್ತಿದ್ದೀನೋ ಲೆಕ್ಕವಿಲ್ಲ. ಅವತ್ತು ಅದರ ಅಗತ್ಯ ಬೀಳಲಿಲ್ಲ.

ಸಂಜೆ ಪ್ಯಾಕಪ್ ಆದಮೇಲೆ ಹಣ್ಣು ಹಿಡಿದುಕೊಂಡು ಆಸ್ಪತ್ರೆಗೆ ಹೋದೆ. ನರ್ಸಮ್ಮ ಬಾಗಿಲಲ್ಲೇ ಹೊಗಳಿದರು: "ಎಂಥ ಗಟ್ಟಿ ಹುಡುಗಿ ಗೊತ್ತಾ? ಇಷ್ಟು ವರ್ಷದಲ್ಲಿ ಸೂಜಿ ಚುಚ್ಚಿದಾಗ ಒಂದು ಸಲಾನೂ ಅತ್ತಿಲ್ಲ." ಪರದೆ ಸರಿಸಿದೆ. ಹುಡುಗಿ ನನ್ನ ನೋಡಿದ್ದೇ ತಡ, ವಾರ್ಡು ಹಾರಿಹೋಗುವ ಹಾಗೆ ಕಿಟಾರನೆ ಕಿರುಚಿದಳು.

ಐದು ನಿಮಿಷ ಬೇಕಾಯಿತು ಸಮಾಧಾನ ಮಾಡಲು. ಆಮೇಲೆ ಕಣ್ಣೊರೆಸಿಕೊಂಡು, "ಅಮ್ಮಾ, ಇವರ ರಕ್ತ ಮಾತ್ರ ನಂಗೆ ಹಾಕಿಸ್ಬೇಡ," ಅಂದಳು.

೩. ಹಿಂದಿನಿಂದ ಬಂದ ಡೈಲಾಗು

ಹೀಗೆ ಶುರುವಾಯಿತು ನನ್ನ ರಕ್ತದಾನ ಶಿಬಿರಗಳ ಹುಚ್ಚು. ಮೊದಲನೆಯದು ಮಲ್ಲೇಶ್ವರದ ಒಂದು ಸಭಾಂಗಣದಲ್ಲಿ. ಉದ್ಘಾಟನೆಯ ಭಾಷಣ ನನ್ನದೇ.

ಇಲ್ಲಿ ನಮ್ಮ ಕಸುಬಿನ ಒಂದು ಗುಟ್ಟು ಹೇಳಬೇಕು. ಧಾರಾವಾಹಿಯಲ್ಲಿ ನಾವು ಡೈಲಾಗ್ ಬಾಯಿಪಾಠ ಮಾಡುವುದಿಲ್ಲ. ಕ್ಯಾಮೆರಾ ಹಿಂದೆ ಒಬ್ಬರು ನಿಂತು ಒಂದೊಂದೇ ಸಾಲು ಓದುತ್ತಾರೆ, ನಾವು ಕೇಳಿಸಿಕೊಂಡು ಭಾವ ತುಂಬಿ ಒಪ್ಪಿಸುತ್ತೇವೆ. ಹನ್ನೊಂದು ವರ್ಷ ಇದೇ ಅಭ್ಯಾಸವಾದರೆ ಸ್ವಂತ ಮಾತು ಎಲ್ಲಿಂದ ಬರಬೇಕು ಹೇಳಿ.

ಮೈಕ್ ಮುಂದೆ ನಿಂತು "ಎಲ್ಲರಿಗೂ ನಮಸ್ಕಾರ" ಅಂದೆ. ಮುಂದೆ ಏನೂ ಹೊಳೆಯಲಿಲ್ಲ. ಕಿವಿ ಮಾತ್ರ ತನ್ನ ಪಾಡಿಗೆ ಹಿಂದಿನಿಂದ ಬರುವ ಸಾಲಿಗೆ ಕಾಯುತ್ತಿತ್ತು. ಅಷ್ಟರಲ್ಲಿ ಪರದೆಯ ಹಿಂದೆ ಶಿಬಿರದ ಕಾರ್ಯದರ್ಶಿಗಳು ಅಡುಗೆಯವರನ್ನು ತರಾಟೆಗೆ ತೆಗೆದುಕೊಂಡರು. ಸಾಲು ಸಿಕ್ಕಿತಲ್ಲ, ಕಣ್ಣು ತುಂಬಿಕೊಂಡು, ಗದ್ಗದ ಕಂಠದಲ್ಲಿ, ಸಭೆಯ ಕಡೆ ಕೈಚಾಚಿ ಶುರು ಮಾಡಿಯೇ ಬಿಟ್ಟೆ:

"ಇನ್ನೂರು ಇಡ್ಲಿ ಹೇಳಿದ್ದೆ... ನೂರೇ ತಂದಿದೀರಾ? ಇಷ್ಟು ಜನರ ಮುಂದೆ ನನ್ನ ಮಾನ ಕಳೀತೀರಾ? ನಾಚಿಕೆ ಆಗಲ್ವೇನ್ರೀ ನಿಮಗೆ?"

ಮೊದಲ ಸಾಲಿನಲ್ಲಿದ್ದ ನಿವೃತ್ತ ಹೆಡ್‌ಮಾಸ್ಟರು ನಿಧಾನವಾಗಿ ಎದ್ದು ಕೈಮುಗಿದರು. "ತಪ್ಪಾಯ್ತಮ್ಮಾ. ಇಡ್ಲಿ ತರಬೇಕು ಅಂತ ನಮಗೆ ಯಾರೂ ಹೇಳಿರ್ಲಿಲ್ಲ."

೪. ಹಾಲಿನ ಲೋಟ

ಬೇಸಿಗೆ ರಜೆ ಬಂತೆಂದರೆ ಕಾಲೇಜುಗಳು ಮುಚ್ಚುತ್ತವೆ, ರಕ್ತ ಕೊಡುವ ಹುಡುಗರು ಊರಿಗೆ ಹೋಗುತ್ತಾರೆ. ಈ ಸಲ ಹಾಗೇ ಆಯಿತು. ಬುಧವಾರ ಟೈಲರಮ್ಮನ ಮಗಳಿಗೆ ರಕ್ತ ಹಾಕಿಸಬೇಕಿತ್ತು, ಸಿಗುತ್ತೋ ಇಲ್ಲವೋ ಹೇಳಲಾಗದು ಅಂದರು ಡಾಕ್ಟರು. ಹಿಂದೊಮ್ಮೆ ಐದು ದಿನ ತಡವಾದಾಗ ಅವಳಿಗೆ ಮನೆಯ ಮೆಟ್ಟಿಲೂ ಹತ್ತಲಾಗಿರಲಿಲ್ಲ. ಭಾನುವಾರವೇ ಚಾಮರಾಜಪೇಟೆಯ ಒಂದು ಛತ್ರದಲ್ಲಿ ಶಿಬಿರ ಇಟ್ಟೆ.

ಬೆಳಿಗ್ಗೆ ಹನ್ನೊಂದಾದರೂ ಮಂಚಗಳು ಖಾಲಿ. ಬಂದ ಇಬ್ಬರಲ್ಲಿ ಒಬ್ಬರಿಗೆ ಬಿಪಿ ಜಾಸ್ತಿ, ಇನ್ನೊಬ್ಬರು ನಮ್ಮ ಯಜಮಾನರು, ಅವರಿಗೆ ವಯಸ್ಸು ಜಾಸ್ತಿ. ಅಂಗಳದಲ್ಲಿ ಮಾತ್ರ ಜಾತ್ರೆ. ಎಲ್ಲರೂ ನನ್ನನ್ನು ನೋಡೋಕೆ ಬಂದವರು, ಸೆಲ್ಫಿ ಗಿರಾಕಿಗಳು. ಒಬ್ಬ ಹಿರಿಯರು, ಗಟ್ಟಿಮುಟ್ಟಾದ ಇಬ್ಬರು ಗಂಡುಮಕ್ಕಳನ್ನು ಎಡಬಲಕ್ಕಿಟ್ಟುಕೊಂಡು ನಿಂತಿದ್ದರು.

"ನಿಮ್ಮ ಹುಡುಗರನ್ನ ಒಳಗೆ ಕಳಿಸಿ ಸಾರ್," ಅಂದೆ.

"ನಿಮ್ಮ ಕೈಗಾ? ಶುಕ್ರವಾರ ಹಾಲಿಗೆ ಏನೋ ಪುಡಿ ಬೆರೆಸಿದ್ರಲ್ಲ, ನಾವು ನೋಡ್ಲಿಲ್ವಾ? ಬಸುರಿ ಹೆಂಗಸಮ್ಮ ಅವಳು!"

ಸುತ್ತಲಿದ್ದವರೆಲ್ಲ ಹೌದೌದು ಅಂದರು. ಬಾಗಿಲ ಹತ್ತಿರ ಟೈಲರಮ್ಮ ಸೆರಗಿನ ತುದಿ ಹಿಂಡುತ್ತಾ ಕೂತಿದ್ದಳು. ಅವಳ ಮುಖ ನೋಡಿ ನನಗೆ ಆ ಜನರ ಮೇಲೆ ರೇಗಿಹೋಯಿತು. ಮೈಕ್ ಕಿತ್ತುಕೊಂಡೆ. ಎಡಗಡೆ ಹುಬ್ಬು ತಾನಾಗೇ ಮೇಲೇರಿತು. ಈ ಸಲ ಹಿಂದಿನಿಂದ ಯಾರೂ ಓದಿಕೊಡಲಿಲ್ಲ.

"ಕೇಳಿಸ್ಕೊಳ್ಳಿ ಎಲ್ರೂ! ಆ ಹಾಲಿನ ಲೋಟ ಇನ್ನೂ ನನ್ನ ಕೈಲೇ ಇದೆ. ಇನ್ನರ್ಧ ಗಂಟೇಲಿ ಈ ಮಂಚಗಳು ತುಂಬಿದ್ರೆ ಹಾಲು ಚೆಲ್ಲಿಬಿಡ್ತೀನಿ. ಇಲ್ಲಾಂದ್ರೆ ನಾಳೆ ಮಧ್ಯಾಹ್ನ ಒಂದೂವರೆಗೆ ಕುಡಿಸ್ತೀನಿ!"

ಆ ಹಿರಿಯರು ಮಕ್ಕಳಿಬ್ಬರ ಬೆನ್ನಿಗೂ ಕೈಹಾಕಿ ದಬ್ಬಿದರು. "ಹೋಗ್ರೋ, ಹೋಗಿ ಮಲಕ್ಕೊಳ್ರೋ! ಹೇಳಿದ್ದು ಮಾಡೋ ಹೆಂಗಸು ಇವಳು!" ಹಿಂದೆಯೇ ಅಂಗಳಕ್ಕೆ ಅಂಗಳವೇ ಒಳಗೆ ನುಗ್ಗಿತು. ಸಾಯಂಕಾಲದ ಹೊತ್ತಿಗೆ ರಕ್ತ ತುಂಬಲು ತಂದ ಚೀಲಗಳೆಲ್ಲ ಮುಗಿದು ಡಾಕ್ಟರು ಕೈಮುಗಿದು ಜನರನ್ನು ವಾಪಸ್ ಕಳಿಸಿದರು.

ಬುಧವಾರ ಹುಡುಗಿಗೆ ರಕ್ತ ಬಂತು. ಅವಳಿಗಷ್ಟೇ ಅಲ್ಲ, ಆ ವಾರ್ಡಿನಲ್ಲಿದ್ದ ಮಕ್ಕಳಿಗೆಲ್ಲ ಬಂತು. ಸಂಜೆ ಅವಳು ಬಿನ್ನಿಪೇಟೆಯ ಮನೆಯ ಮೆಟ್ಟಿಲನ್ನು ಅಮ್ಮನ ಕೈ ಬಿಡಿಸಿಕೊಂಡು ಓಡಿ ಹತ್ತಿದಳು. ನಾನು ಕೆಳಗೆ ನಿಂತು ನೋಡಿದೆ. ಮನೆಯ ಶೋಕೇಸಿನಲ್ಲಿ ಅತ್ಯುತ್ತಮ ಖಳನಟಿ ಅಂತ ಮೂರು ಪ್ರಶಸ್ತಿಗಳಿವೆ. ಅವತ್ತಿನಷ್ಟು ಹೆಮ್ಮೆ ಆ ಮೂರೂ ಸೇರಿ ಕೊಟ್ಟಿಲ್ಲ.

ಆದರೆ ಸಿಟ್ಟಿನ ಭರದಲ್ಲಿ ಒಂದು ವಿಷಯ ಮರೆತಿದ್ದೆ. ಸೋಮವಾರದ ಕಂತು ಹದಿನೈದು ದಿನ ಮೊದಲೇ ಶೂಟಿಂಗ್ ಆಗಿತ್ತು. ಅದರಲ್ಲಿ ನಾನು ಹಾಲು ಚೆಲ್ಲುವುದಿರಲಿ, ಸೊಸೆಯ ಗದ್ದ ಹಿಡಿದು ಕೊನೆಯ ಹನಿವರೆಗೂ ಕುಡಿಸಿದ್ದೆ.

ಗುರುವಾರ ಬೆಳಿಗ್ಗೆ ಕಾಲಿಂಗ್ ಬೆಲ್. ಬಾಗಿಲಲ್ಲಿ ಅದೇ ಹಿರಿಯರು, ಇಬ್ಬರು ಮಕ್ಕಳ ಸಮೇತ.

"ಮಂಗಳವಾರ ಕಾದ್ವಿ, ಬುಧವಾರ ಕಾದ್ವಿ, ನಿಮ್ಮ ಸೊಸೆ ಕಣ್ಣೇ ಬಿಡ್ಲಿಲ್ಲ. ಕೊಟ್ಟ ಮಾತು ಏನಾಯ್ತಮ್ಮ? ನಮ್ಮ ಹುಡುಗರ ರಕ್ತ ವಾಪಸ್ ಕೊಡಿ!"

ಒಳಗೆ ಕರೆದು ಕೂರಿಸಿ ಮಜ್ಜಿಗೆ ಕೊಟ್ಟೆ. ಮೂವರೂ ಲೋಟ ನೋಡಿದರು, ಒಬ್ಬರೂ ಮುಟ್ಟಲಿಲ್ಲ. ಆ ರಕ್ತ ಯಾವ ಮಕ್ಕಳಿಗೆ ಹೋಯಿತು, ನಮ್ಮ ಹುಡುಗಿ ಹೇಗೆ ಮೆಟ್ಟಿಲು ಹತ್ತಿದಳು, ಎಲ್ಲ ಹೇಳಿದೆ. ಹಿರಿಯರು ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು.

"ಪುಣ್ಯದ ಕೆಲಸ ಮಾಡಿದ್ರಿ ತಾಯಿ," ಅಂದರು. ಆಮೇಲೆ ದನಿ ತಗ್ಗಿಸಿ ಕೇಳಿದರು: "ಅದು ಸರಿ. ಆ ಹಾಲು ಕುಡಿದ ಹುಡುಗಿ ಕಥೆ ಏನು?"

ನನ್ನ ಹುಬ್ಬು ಮತ್ತೆ ಮೇಲೇರಿತು. "ಇನ್ನೂ ಐಸಿಯುನಲ್ಲಿದ್ದಾಳೆ ಸಾರ್. ಮುಂದಿನ ಭಾನುವಾರ ಮಲ್ಲೇಶ್ವರದಲ್ಲಿ ಇನ್ನೊಂದು ಶಿಬಿರ ಇದೆ. ನೋಡೋಣ."

"ನಾವು ಇನ್ನು ಮೂರು ತಿಂಗಳು ರಕ್ತ ಕೊಡೋ ಹಾಗಿಲ್ಲ," ಅಂತ ದೊಡ್ಡ ಮಗ ಬಾಯಿ ಬಿಟ್ಟ.

ಹಿರಿಯರು ಅವನ ಮೇಲೆ ಹರಿಹಾಯ್ದರು: "ನಿನ್ನನ್ನ ಯಾರು ಕೇಳಿದ್ರೋ? ನಿನ್ನ ಭಾವಮೈದಂದಿರು ನಾಲ್ಕು ಜನ ದುಂಡಗಿದ್ದಾರಲ್ಲ, ಫೋನ್ ಹಚ್ಚು!"