ಸೋಫಾ ಹಿಂದಿನ ಹೀರೋ

ತಿದ್ದಪ್ಪ ತನ್ನ ಷಡ್ಡಕನನ್ನು, ಅಂದರೆ ಹೆಂಡತಿಯ ಅಕ್ಕನ ಗಂಡನನ್ನು, ಮೊದಲು ಕಂಡದ್ದು ಮದುವೆಯಾದ ಹದಿನೆಂಟನೇ ದಿನ, ಸಂಜೆ ಐದೂಕಾಲಿಗೆ. ಷಡ್ಡಕ ಬೆತ್ತದ ಕುರ್ಚಿಯಲ್ಲಿ ಕಾಲ ಮೇಲೆ ಕಾಲು ಹಾಕಿ ಕೂತಿದ್ದ. ಕಾಲುಚೀಲಕ್ಕೂ ಇಸ್ತ್ರಿ ಹಾಕಿತ್ತು. ಬಡಾವಣೆ ಸಂಘದ ಅಧ್ಯಕ್ಷ, ಮಹಾ ವಾಗ್ಮಿ ಎಂದು ಹೆಂಡತಿ ದಾರಿಯುದ್ದಕ್ಕೂ ಹೇಳಿದ್ದಳು.

“ಏನ್ ಮಾಡ್ಕೊಂಡಿದ್ದೀರಿ?”

“ಪ್ರೆಸ್ಸಲ್ಲಿ ಕರಡು ತಿದ್ದುತೀನಿ ಭಾವ.” (ತಿದ್ದಪ್ಪ ಎಂಬ ಹೆಸರು ಬಂದಿದ್ದೇ ಹಾಗೆ.) “ಸಂಜೆ ನಾಟಕದ ತಂಡದಲ್ಲಿ...”

“ಹೀರೋ ಭಾವ, ಹೀರೋ!” ಹೆಂಡತಿ ಮಾತು ಕಸಿದುಕೊಂಡಳು.

ನಿಜದಲ್ಲಿ ಅವನು ರಂಗದ ಮೇಲಿನ ಸೋಫಾದ ಹಿಂದೆ ಅಡಗಿ ಕೂತು, ನಟರು ಮರೆತ ಮಾತನ್ನು ಪಿಸುದನಿಯಲ್ಲಿ ಎತ್ತಿಕೊಡುವವನು.

ಸುಳ್ಳು ಮೂರು ವರ್ಷ ಸುಖವಾಗಿ ಬಾಳಿತು. ಆಮೇಲೆ ಟೀವಿಯವರು ಬಂದು ನಾಟಕವನ್ನು ಚಿತ್ರೀಕರಿಸಿಕೊಂಡು ಹೋದರು. ಮಾನಕ್ಕಂಜಿ ಮನೆಮಂದಿಯೆಲ್ಲ ಗುಟ್ಟು ಮುಚ್ಚಿಡುವ ಕುಟುಂಬವೊಂದರ ಕಥೆ. ಅದು ಪ್ರಸಾರವಾಗುವ ಭಾನುವಾರ ಅಕ್ಕ, ಭಾವ ಇಬ್ಬರೂ ಬೆಳಿಗ್ಗೆಯೇ ಬಂದಿಳಿದರು.

“ರೀ, ಆ ಗಡ್ಡದ ಯಜಮಾನನೇ ನೀವು. ತಿಳೀತಾ?” ಅಡುಗೆಮನೆಯಲ್ಲಿ ಹೆಂಡತಿ ಪಾತ್ರ ಹಂಚಿದಳು.

“ಅವನು ನನಗಿಂತ ಒಂದಡಿ ಎತ್ತರ ಕಣೇ!”

“ಟೀವಿಯಲ್ಲಿ ಎಲ್ಲರೂ ಎತ್ತರಾನೇ. ಅಕ್ಕನ ಮುಂದೆ ನನ್ನ ಮಾನ ಹೋದ್ರೆ ಮತ್ತೆ ತವರಿನ ಮೆಟ್ಟಿಲು ಹತ್ತೋ ಹಾಗಿಲ್ಲ.”

ಗಡ್ಡ ಪ್ರವೇಶಿಸಿತು. ಅಕ್ಕ ಬೆರಗಾದಳು. “ಎಂಥಾ ಗತ್ತು ಕಣೆ ನಿನ್ನ ಗಂಡಂದು! ಮನೇಲಿ ಮಾತ್ರ ಇಲಿ.”

ಯಜಮಾನ ಮಗನತ್ತ ಬೆರಳು ಚಾಚಿ ಬಾಯಿ ತೆರೆದ. ತೆರೆದೇ ಇಟ್ಟ. ಮಾತು ಮರೆತಿತ್ತು. ಪ್ರೇಕ್ಷಕರು ಎಂದೂ ಕೂರದ ಪಕ್ಕದಲ್ಲಿ ಟೀವಿಯವರು ಇನ್ನೊಂದು ಕ್ಯಾಮೆರಾ ಇಟ್ಟಿದ್ದರು. ಪರದೆಯ ತುಂಬ ಸೋಫಾದ ಬೆನ್ನು; ಅದರ ಮರೆಯಲ್ಲಿ ಕುಕ್ಕರುಗಾಲಲ್ಲಿ ಕೂತ ತಿದ್ದಪ್ಪ. ಈಗ ಮೈಮೇಲಿದ್ದ ಅದೇ ಚೌಕುಳಿ ಅಂಗಿ. “ಈ ಮನೆಯಲ್ಲಿ ಇನ್ನು ಯಾರೂ ಸುಳ್ಳು ಹೇಳಬಾರದು!” ಎಂದು ಪಿಸುಗುಡುತ್ತಿದ್ದ.

ಅಕ್ಕ ಟೀವಿ ನೋಡಿದಳು, ಅಂಗಿ ನೋಡಿದಳು, ತಂಗಿಯ ಮುಖ ನೋಡಿದಳು.

“ಡಬಲ್ ಆಕ್ಟಿಂಗ್ ಅಕ್ಕಾ,” ಎಂದಳು ತಂಗಿ.

ಷಡ್ಡಕ ನಗಲಿಲ್ಲ. ತಿದ್ದಪ್ಪನ ತೋಳು ಹಿಡಿದು ಹಿತ್ತಲಿಗೆ ಎಳೆದೊಯ್ದ. ಬಿತ್ತು ಏಟು ಎಂದು ತಿದ್ದಪ್ಪ ಕಣ್ಣು ಮುಚ್ಚಿದ.

“ಅಷ್ಟು ಸಣ್ಣ ದನಿ ಆ ಗಡ್ಡದವನೊಬ್ಬನಿಗೇ ಕೇಳಿಸುತ್ತಾ?”

“ಹೂಂ ಭಾವ.”

“ಎರಡನೇ ವಾಕ್ಯಕ್ಕೇ ನನ್ನ ನಾಲಿಗೆ ಅಂಟಿಕೊಳ್ಳುತ್ತೆ ಕಣ್ರೀ. ಸಭೇಲಿ ನನ್ನ ಭಾಷಣ ಓದೋದು ಕಾರ್ಯದರ್ಶಿ. ಮುಂದಿನ ತಿಂಗಳು ಕೇಳೋಕೆ ಬರ್ತೀನಿ ಅಂತ ನಮ್ಮನೆಯವಳು ಹಟ ಹಿಡಿದಿದ್ದಾಳೆ!”

ತಿದ್ದಪ್ಪ ಕಣ್ಣು ತೆರೆದ. “ನಿಮ್ಮ ಮೇಜಿನ ಬಟ್ಟೆ ನೆಲ ಮುಟ್ಟುತ್ತಾ ಭಾವ?”

“ಹೊಲಿಸ್ತೀನಿ!”

ಒಳಗೆ ಬಂದ ಷಡ್ಡಕ ಗಂಟಲು ಸರಿಮಾಡಿಕೊಂಡ. “ಹಿಂದೆ ಕೂತು ನಾಟಕ ನಡೆಸೋನೇ ನಿಜವಾದ ಹೀರೋ ಕಣೆ.”

“ನೀವು ಹೇಳಿದ್ಮೇಲೆ ಮುಗೀತು ಬಿಡಿ,” ಎಂದಳು ಅಕ್ಕ. ಹೆಂಡತಿಯ ಮಾನ ಉಳಿಯಿತು.

ಈಗ ತಿದ್ದಪ್ಪ ವಾರವೆಲ್ಲ ಕರಡು ತಿದ್ದುತ್ತಾನೆ. ತಿಂಗಳ ಎರಡನೇ ಶನಿವಾರ ಷಡ್ಡಕನ ಮೇಜಿನ ಕೆಳಗೆ ಮುದುಡಿ ಕೂತು ಭಾಷಣ ಹೇಳಿಕೊಡುತ್ತಾನೆ.