ರಾಮಾಂಜಿನಪ್ಪನ ಲೈಸೆನ್ಸು ವಾಪಸ್ ಬಂದ ದಿನ

ಗಾಡಿ ಓಡಿಸ್ತಾ ಫೋನಿನಲ್ಲಿ ಮಾತಾಡಿದ್ದು ಒಂದೇ ನಿಮಿಷ. ಆ ಒಂದು ನಿಮಿಷಕ್ಕೆ ಸೂಲಿಬೆಲೆಯ ರಾಮಾಂಜಿನಪ್ಪನ ಲೈಸೆನ್ಸು ಮೂರು ತಿಂಗಳು ಅಮಾನತಾಗಿ ಆರ್‌ಟಿಒ ಆಫೀಸಿನ ಬೀರು ಸೇರಿತ್ತು. ಹಿಡಿದ ದಿನ ಗಾಡಿಯಲ್ಲಿ ಇನ್ಶೂರೆನ್ಸ್ ಕಾಗದವೂ ಇರಲಿಲ್ಲ. ಹಾಗಾಗಿ ಗಾಡಿಗೆ ಇನ್ಶೂರೆನ್ಸ್ ಇದೆ ಅಂತ ಕಾಗದ ತೋರಿಸಿದರೇನೇ ಲೈಸೆನ್ಸು ವಾಪಸ್ ಅಂತ ಆರ್ಡರಿನಲ್ಲೇ ಬರೆದಿದ್ದರು.

ಇವತ್ತಿಗೆ ಆ ಮೂರು ತಿಂಗಳು ಮುಗಿದಿತ್ತು. ಮುಗಿದದ್ದೂ ಎಂಥಾ ದಿನ! ಸಂಜೆ ಐದರೊಳಗೆ ಡೈರಿಯಲ್ಲಿ ಹಾಲಿನ ರೂಟಿನ ಹೊಸ ಕರಾರಿಗೆ ಸೈನ್ ಹಾಕಬೇಕು. ಸುತ್ತಿನ ಹಳ್ಳಿಗಳಿಂದ ಹಾಲಿನ ಕ್ಯಾನು ತರುವ ಕೆಲಸ, ಪೂರಾ ಒಂದು ವರ್ಷಕ್ಕೆ. ಲೈಸೆನ್ಸು ತೋರಿಸಿದವರ ಹೆಸರಿಗೆ ಮಾತ್ರ ರೂಟು ಅಂತ ಸೆಕ್ರೆಟರಿ ಬೈರಣ್ಣ ಖಡಾಖಂಡಿತವಾಗಿ ಹೇಳಿಬಿಟ್ಟಿದ್ದ. ಹನ್ನೊಂದು ವರ್ಷದಿಂದ ಆ ರೂಟಿನ ಸ್ಟೀರಿಂಗ್ ಹಿಡಿದವನು ರಾಮಾಂಜಿನಪ್ಪ. ಅದು ಕೈಬಿಟ್ಟು ಹೋದರೆ ಊರಲ್ಲಿ ತಲೆ ಎತ್ತಿ ಓಡಾಡೋದು ಹೆಂಗೆ?

ಈ ಮೂರು ತಿಂಗಳಿಗೆ ಗಾಡಿಯ ಜವಾಬ್ದಾರಿಯನ್ನು ಜಡಿಗೇನಹಳ್ಳಿಯ ಭಾವಮೈದ ಮೂರ್ತಿಗೆ ಒಪ್ಪಿಸಿದ್ದ. ಹಾಲು ಅಳೆಸಿ ಬರೆಸೋಕೆ ಅಂತ ಹೆಂಡತಿ ನರಸಮ್ಮನೂ ಜೊತೆಗೆ ಹೋಗುತ್ತಿದ್ದಳು. ರಾಮಾಂಜಿನಪ್ಪ ಹಾಸಿಗೆ ಬಿಟ್ಟು ಏಳುವ ಹೊತ್ತಿಗೆ ಗಾಡಿ ಮನೆ ಮುಂದೆ ತೊಳೆದು ನಿಂತಿರುತ್ತಿತ್ತು. ಇವನೂ ಹೆಚ್ಚು ಕೇಳಲು ಹೋಗಲಿಲ್ಲ.

ಬೆಳಗ್ಗೆ ದೇವರ ಪಟದ ಹಿಂದಿದ್ದ ಪ್ಲಾಸ್ಟಿಕ್ ಕವರಿಂದ ಇನ್ಶೂರೆನ್ಸ್ ಕಾಗದ ಎಳೆದು, ಮಡಚಿ, ಜೇಬಿಗಿಟ್ಟ.

"ಒಂದ್ಸಲ ಬಿಚ್ಚಿ ನೋಡ್ಕಂಡು ಹೋಗಿ," ಅಂದಳು ನರಸಮ್ಮ.

"ಮೇಲೆ ದಪ್ಪಕ್ಷರದಲ್ಲಿ ಇನ್ಶೂರೆನ್ಸ್ ಅಂತ ಬರ್ದೈತೆ, ಇನ್ನೇನು ನೋಡೋದು? ಗಾಡಿ ವಿಷ್ಯ ನಿಂಗೇನೇ ಗೊತ್ತು?"

ನರಸಮ್ಮ ಏನೋ ಹೇಳಲು ಬಾಯಿ ತೆರೆಯುವಷ್ಟರಲ್ಲಿ ಅವನು ಹೊಸ್ತಿಲು ದಾಟಿಯಾಗಿತ್ತು.

ಹೊರಡುವಾಗ ಬಸ್ ಸ್ಟ್ಯಾಂಡಿನ ಪಂಕ್ಚರ್ ಅಂಗಡಿಯ ಹಬೀಬುಲ್ಲಾ ಅಡ್ಡ ಬಂದ. ಯಾರ ಮನೆಯ ಕೆಲಸವಾದರೂ ತನ್ನದೇ ಅಂತ ಮುಂದೆ ನುಗ್ಗುವ ಆಸಾಮಿ ಅವನು.

"ಅರೆ, ಬಸ್ಸಲ್ಲಿ ಯಾಕೆ ಹೋಗ್ತೀಯಾ ಗುರು? ನನ್ನ ಸ್ಕೂಟರ್ ಐತೆ. ಆಫೀಸಲ್ಲಿ ಹೆಂಗೆ ಮಾತಾಡ್ಬೇಕು ಅಂತ ನಂಗೆ ಬಿಡು."

ಆರ್‌ಟಿಒ ಆಫೀಸಿನ ಕೌಂಟರಿನಲ್ಲಿ ಶಾಮಲಾ ಮೇಡಂ ಇದ್ದರು. ಸರ್ವರ್ ಕೈಕೊಟ್ಟಿದೆ, ಕಾಗದಾನೇ ಕೊಡಿ ಅಂದರು. ಕನ್ನಡಕ ಏರಿಸಿಕೊಂಡು ಓದತೊಡಗಿದರು.

"ಗಾಡಿ ಬಣ್ಣ ಯಾವುದು?"

"ಬಿಳೀದು ಮೇಡಂ."

"ಇಲ್ಲಿ ಕಪ್ಪು ಬಿಳುಪು ಅಂತಿದೆಯಲ್ಲ?"

ಹಬೀಬುಲ್ಲಾ ಮುಂದೆ ಬಾಗಿದ. "ಟೈರು ಕಪ್ಪಗಿರುತ್ತಲ್ಲ ಮೇಡಂ, ಸೇರ್ಸಿ ಬರ್ದವ್ರೆ."

"ವಯಸ್ಸು ಐದು ವರ್ಷ."

"ಕರೆಕ್ಟಾಗೈತೆ ಮೇಡಂ," ಅಂದ ರಾಮಾಂಜಿನಪ್ಪ. ಗಾಡಿ ಕೊಂಡು ಐದೇ ವರ್ಷವಾಗಿತ್ತು.

"ಕೊಂಬು ಎರಡು."

ರಾಮಾಂಜಿನಪ್ಪ ಹಬೀಬುಲ್ಲಾನ ಮುಖ ನೋಡಿದ. ಅವನು ಒಂದು ಚೂರೂ ಅಳುಕಲಿಲ್ಲ. "ಸೈಡ್ ಕನ್ನಡಿ ಮೇಡಂ. ಎರಡೇ ಅಲ್ವಾ ಇರೋದು?"

"ದಿನಕ್ಕೆ ಹದಿನಾರು ಲೀಟರ್ ಹಾಲು."

ಈಗ ರಾಮಾಂಜಿನಪ್ಪನಿಗೆ ರೇಗಿತು. "ಯಾರ್ರೀ ಹಂಗೆ ಬರ್ದೋರು? ಆರ್ನೂರು ಲೀಟರ್ ಹೊತ್ಕಂಡು ಬತ್ತದೆ ನನ್ ಗಾಡಿ!"

"ಮೂರನೇ ಸಲ ಕರು ಹಾಕಿದೆ," ಅಂತ ಓದಿ ಮೇಡಂ ಕಾಗದ ಕೆಳಗಿಟ್ಟರು.

ಹಬೀಬುಲ್ಲಾ ಮೆಲ್ಲಗೆ ಒಂದು ಹೆಜ್ಜೆ ಹಿಂದೆ ಸರಿದ. ಹಿಂದೆ ಸಾಲಿನಲ್ಲಿ ನಿಂತಿದ್ದವರು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಮನೆಯ ಸೀಮೆಹಸುವಿಗೆ ಡೈರಿಯವರು ಮಾಡಿಸಿಕೊಟ್ಟ ಇನ್ಶೂರೆನ್ಸನ್ನು ರಾಮಾಂಜಿನಪ್ಪ ಜೋಪಾನವಾಗಿ ಜೇಬಲ್ಲಿಟ್ಟುಕೊಂಡು ತಂದಿದ್ದ.

"ನಾಲ್ಕಕ್ಕೆ ಕೌಂಟರ್ ಮುಚ್ತೀನಿ. ಅಷ್ಟರೊಳಗೆ ಗಾಡೀದು ತನ್ನಿ," ಅಂದರು ಮೇಡಂ, ನಗು ತಡೆದುಕೊಂಡು.

ಗಡಿಯಾರದಲ್ಲಿ ಎರಡು ಗಂಟೆ. ರಾಮಾಂಜಿನಪ್ಪ ಬೆವರು ಒರೆಸಿಕೊಳ್ಳುತ್ತಾ ಮನೆಗೆ ಫೋನ್ ಮಾಡಿದ.

"ಲೇ, ಇದು ಹಸೂದು ಕಣೇ! ಮರ್ಯಾದೆ ಮೂರು ಕಾಸಿಗೆ ಹೋಯ್ತು. ಗಾಡೀದೆಲ್ಲಿ ಇಟ್ಟಿದೀಯಾ?"

"ಗಾಡಿ ಕಾಗದ ಗಾಡೀಲೇ ತಾನೇ ಇರ್ಬೇಕು? ಅದಕ್ಕೇ ನಾನು ಅಲ್ಲೇ ಇಟ್ಟಿದೀನಿ. ತತ್ತೀನಿ, ಇರಿ."

"ನೀನ್ಯಾವಾಗ ಬಸ್ ಹತ್ತಿ, ಯಾವಾಗ ಬಂದೀಯೇ? ಮೂರ್ತಿನ ಕಳ್ಸು!"

ಅಷ್ಟರಲ್ಲಿ ಫೋನ್ ಕಟ್ಟಾಗಿತ್ತು. ಸಾಲು ಬಿಟ್ಟರೆ ಜಾಗ ಹೋಗುತ್ತದೆ ಅಂತ ಹಬೀಬುಲ್ಲಾನನ್ನು ಗೇಟಿಗೆ ಕಳಿಸಿ, ಇವನು ಅಲ್ಲೇ ಬೇರು ಬಿಟ್ಟು ನಿಂತ. ಮುಕ್ಕಾಲು ಗಂಟೆಯಾಗುವುದರೊಳಗೆ ಹಬೀಬುಲ್ಲಾ ಕಾಗದ ಹಿಡಿದು ಒಳಗೆ ಬಂದ. ಮುಖದಲ್ಲಿ ಏನೋ ಒಂಥರಾ ನಗು.

"ಇಷ್ಟು ಬೇಗ ಬಂದ್ನಾ? ಮೂರ್ತಿ ಕೈ ಚೆನ್ನಾಗಿ ಕುದುರೈತೆ," ಅಂದ ರಾಮಾಂಜಿನಪ್ಪ.

"ಹೂಂ, ಕೈ ಚೆನ್ನಾಗಿ ಕುದುರೈತೆ," ಅಂದ ಹಬೀಬುಲ್ಲಾ. ಜೀವಮಾನದಲ್ಲೇ ಅವನು ಇಷ್ಟು ಕಮ್ಮಿ ಮಾತಾಡಿದ್ದು ಇದೇ ಮೊದಲು.

ಗಾಡಿ ನಂಬರು, ಎಂಜಿನ್ ನಂಬರು, ತಾರೀಖು, ಎಲ್ಲಾ ತಾಳೆಯಾಯಿತು. ನಾಲ್ಕಕ್ಕೆ ಕೌಂಟರ್ ಮುಚ್ಚುವ ಹೊತ್ತಿಗೆ ಲೈಸೆನ್ಸು ಕೈಗೆ ಬಂತು. ರಾಮಾಂಜಿನಪ್ಪ ಕಣ್ಣಿಗೊತ್ತಿಕೊಂಡ. ಸ್ಕೂಟರಿನ ಹಿಂದೆ ಕೂತು ದಾರಿಯುದ್ದಕ್ಕೂ ಅದನ್ನೇ ನೋಡಿಕೊಂಡು ಬಂದ.

ಡೈರಿ ಗೇಟಿನ ಹತ್ತಿರ ಇಳಿದಾಗ ಐದಕ್ಕೆ ಹತ್ತು ನಿಮಿಷ. ಅದೇ ಹೊತ್ತಿಗೆ ಇವನ ಗಾಡಿ ಒಳಗಡೆ ರಿವರ್ಸ್ ಬರುತ್ತಿತ್ತು. ಎರಡು ಕಂಬದ ಮಧ್ಯೆ ಗಾಡಿಯ ಅಕ್ಕಪಕ್ಕ ಒಂದೊಂದೇ ಗೇಣು ಜಾಗ. ಆ ಸಂದಿಯಲ್ಲಿ ಒಂದೇ ಏಟಿಗೆ ಬಂದು ಕಟ್ಟೆಗೆ ಒತ್ತಿ ನಿಂತಿತು. ಇದೇ ಕಂಬಕ್ಕೆ ರಾಮಾಂಜಿನಪ್ಪ ನಾಲ್ಕು ಸಲ ಗುದ್ದಿದ್ದ.

"ಭೇಷ್ ಕಣೋ ಮೂರ್ತಿ!" ಅಂತ ಚಪ್ಪಾಳೆ ತಟ್ಟಿದ.

ಡ್ರೈವರ್ ಬಾಗಿಲು ತೆರೆಯಿತು. ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ನರಸಮ್ಮ ಇಳಿದಳು.

"ಮೂರ್ತಿಗೆ ಹೊಸಕೋಟೇಲಿ ಕೆಲ್ಸ ಸಿಕ್ಕಿ ತಿಂಗಳಾಯ್ತು," ಅಂದಳು ಗಂಡನ ಕಣ್ಣು ತಪ್ಪಿಸಿ. "ಹೋಗೋಕೆ ಮುಂಚೆ ಎರಡು ತಿಂಗಳು ನಂಗೆ ಕಲ್ಸ್‌ಕೊಟ್ಟ. ಟೆಸ್ಟಲ್ಲಿ ಪಾಸಾಗಿ ಲೈಸೆನ್ಸು ತಗಂಡೆ. ಹೇಳಾನ ಅಂದ್ರೆ ನೀವು ಬಾಯಿ ತೆಗೆಯೋಕೆ ಬಿಟ್ರೆ ತಾನೇ?"

"ಊರಿಗೆಲ್ಲಾ ಗೊತ್ತಾ ಇದು?" ರಾಮಾಂಜಿನಪ್ಪ ಹಬೀಬುಲ್ಲಾನ ಕಡೆ ತಿರುಗಿದ.

"ನಿಂಗೊಬ್ಬನಿಗೆ ಬಿಟ್ಟು," ಅಂದ ಹಬೀಬುಲ್ಲಾ.

ರಾಮಾಂಜಿನಪ್ಪ ಧಡಧಡ ಆಫೀಸಿಗೆ ನುಗ್ಗಿ ಬೈರಣ್ಣನ ಮೇಜಿನ ಮೇಲೆ ಲೈಸೆನ್ಸು ಕುಕ್ಕಿದ. "ತಗಳಣ್ಣ, ಇನ್ನೂ ಐದು ಗಂಟೆ ಆಗಿಲ್ಲ!"

"ಸಂತೋಷ ಕಣಪ್ಪ. ಆದ್ರೆ ನರಸಮ್ಮ ಆಗ್ಲೇ ತೋರ್ಸಿ ಸೈನ್ ಹಾಕಾಯ್ತು. ತಿಂಗಳಿಂದ ಒಂದು ದಿನ ಲೇಟಿಲ್ಲ, ಒಂದು ಕ್ಯಾನ್ ಹಾಲು ಕೆಟ್ಟಿಲ್ಲ. ನಾನು ಬ್ಯಾಡ ಅನ್ನಕ್ಕಾಯ್ತದಾ?" ಬೈರಣ್ಣ ಕರಾರು ತಿರುಗಿಸಿ ತೋರಿಸಿದ. "ನಿನ್ನೂ ಬಿಟ್ಟಿಲ್ಲ, ನೋಡಿಲ್ಲಿ. ನರಸಮ್ಮನೇ ಹೇಳಿ ಬರೆಸವ್ರೆ."

ರಾಮಾಂಜಿನಪ್ಪ ಈ ಸಲ ಒಂದೊಂದೇ ಅಕ್ಷರ ಓದಿದ. ಚಾಲಕಿ: ನರಸಮ್ಮ. ಕೆಳಗೆ, ಕ್ಯಾನು ಎತ್ತಿ ಇಳಿಸುವವರು: ರಾಮಾಂಜಿನಪ್ಪ.

ಅವನು ಬಾಯಿ ಬಿಡುವ ಮೊದಲೇ ಬೈರಣ್ಣ ಲೈಸೆನ್ಸನ್ನು ಮೆಲ್ಲಗೆ ಅವನ ಕಡೆಗೆ ಸರಿಸಿದ.

"ಇದು ಜೇಬಲ್ಲಿಟ್ಕಳಪ್ಪ. ಕ್ಯಾನ್ ಎತ್ತಕ್ಕೆ ಲೈಸೆನ್ಸ್ ಬೇಕಾಗಿಲ್ಲ."